ತೋಳಿಗೆ ತಕ್ಕ ಪಟ್ಟಿ

ರಕ್ತದೊತ್ತಡವೆಂಬುದು ನಮ್ಮ ಕಡೆ ಒಂದು ಬಗೆಯ ಹಿರಿತನದ ಗುರುತು. ಮದುವೆಯ ಮನೆಯಲ್ಲಿ ಉಪ್ಪಿನಕಾಯಿ ಬಡಿಸಲು ಬಂದವನಿಗೆ ಎಲೆಯ ಮೇಲೆ ಕೈ ಅಡ್ಡ ಹಿಡಿದು, "ಬೇಡಪ್ಪಾ, ನಂಗೆ ಬೀಪಿ" ಎನ್ನುವ ಯಜಮಾನರ ದನಿಯಲ್ಲಿ ಸಂಕಟಕ್ಕಿಂತ ಗಾಂಭೀರ್ಯವೇ ಹೆಚ್ಚು. ಮನೆ ಕಟ್ಟಿ, ಮಗಳ ಮದುವೆ ಮಾಡಿ, ಸಾಲ ತೀರಿಸುವ ಹೊತ್ತಿಗೆ ಬರತಕ್ಕ ಕಾಯಿಲೆ ಅದು ಎಂದು ಎಲ್ಲರ ನಂಬಿಕೆ. ಮೂರನೆಯ ತರಗತಿಯಲ್ಲಿ ಓದುವ ಹುಡುಗನಿಗೆ ಅದು ಬಂದಿದೆ ಎಂದು ಹೇಳಿ ನೋಡಿ. ಕೇಳಿದವರು ಮೊದಲು ನಗುತ್ತಾರೆ. "ಅದ್ಯಾವ ಸಂಸಾರ ಹೊತ್ತಿದ್ದಾನಪ್ಪಾ ಅವನು?" ಎನ್ನುತ್ತಾರೆ. ಈ ನಗೆಯಿಂದ ಆಗುವ ಕೇಡು ಸ್ವಲ್ಪದ್ದಲ್ಲ. ಅದರ ವಿಚಾರವಾಗಿ ನಾಲ್ಕು ಮಾತು ಬರೆಯಬೇಕೆಂದು ಈ ಲೇಖನ. ನಾನು ಇತಿಹಾಸ, ಅರ್ಥಶಾಸ್ತ್ರ ಓದುವವನು, ವೈದ್ಯನಲ್ಲ. ನಮ್ಮ ಮನೆಯಲ್ಲಿ ನಡೆದದ್ದನ್ನೂ, ಅದರಿಂದಾಗಿ ಓದಿ ಕೇಳಿ ತಿಳಿದದ್ದನ್ನೂ ಹೇಳುತ್ತೇನೆ, ಅಷ್ಟೆ.

ನಮ್ಮ ಊರು ಮಾಲೂರು ತಾಲ್ಲೂಕಿನ ಮಾಸ್ತಿ. ಹೆಸರು ಹೇಳಿದೊಡನೆ ಕನ್ನಡದ ಅಧ್ಯಾಪಕರ ಮುಖ ಅರಳುತ್ತದೆ. ವೆಂಕಟೇಶ ಅಯ್ಯಂಗಾರ್ಯರ ಸಣ್ಣಕತೆಗಳ ಮಾತು ಬರುತ್ತದೆ. ಅವರಿಗೆ 1983ರ ಜ್ಞಾನಪೀಠ ಬಂದದ್ದು ನಮ್ಮ ಊರಿನ ಚಿಕ್ಕ ಮಕ್ಕಳಿಗೂ ಗೊತ್ತು. ಆ ಊರಿನ ಒಂದು ಮಳೆಗಾಲದಲ್ಲಿ ನಮ್ಮ ಅಕ್ಕನ ಮಗನಿಗೆ ಕಾಲಿನಲ್ಲಿ ಕಜ್ಜಿ ಎದ್ದಿತು. ಅವನಿಗೆ ಆಗ ಎಂಟು ವರ್ಷ. ಕಜ್ಜಿ ಎಂದರೆ ಹಳ್ಳಿಯಲ್ಲಿ ಯಾರೂ ಬೆಚ್ಚುವುದಿಲ್ಲ. ಕೆರೆದು ಹುಣ್ಣಾಗಿ ಕೀವು ತುಂಬಿತು; ಅಜ್ಜಿ ಬೇವಿನ ಸೊಪ್ಪು ಅರಿಸಿನ ಅರೆದು ಹಚ್ಚಿದಳು; ಒಣಗಿತು. ಎಲ್ಲರೂ ಅದನ್ನು ಮರೆತರು. ಮೂರು ನಾಲ್ಕು ವಾರ ಕಳೆದ ಮೇಲೆ ಒಂದು ಬೆಳಗ್ಗೆ ಹುಡುಗನ ಕಣ್ಣ ರೆಪ್ಪೆಗಳು ಊದಿಕೊಂಡಿದ್ದವು. "ರಾತ್ರಿ ಏನೋ ಹುಳ ಕಚ್ಚಿರಬೇಕು" ಎಂದರು. ಮಧ್ಯಾಹ್ನಕ್ಕೆ ಊತ ಇಳಿಯಿತು. ಮರುದಿನ ಬೆಳಗ್ಗೆ ಮತ್ತೆ ಬಂತು. ಉಚ್ಚೆ ಕಡಿಮೆಯಾಗಿ, ಹಾಲು ಹಾಕದ ಟೀ ಡಿಕಾಕ್ಷನ್ನಿನ ಬಣ್ಣಕ್ಕೆ ತಿರುಗಿತ್ತು. ತಲೆನೋವು ಎಂದು ಶಾಲೆಗೆ ಹೋಗದೆ ಮಲಗಿದ.

ಒಬ್ಬ ಡಾಕ್ಟರರ ಬಳಿ ಕರೆದುಕೊಂಡು ಹೋದೆವು. ಅವರ ಹೆಸರೂ ಊರೂ ಇಲ್ಲಿ ಬೇಡ. ಹುಡುಗನ ಮುಖ ನೋಡಿ ಅಲರ್ಜಿ ಎಂದು ಮಾತ್ರೆ ಬರೆದರು. ತಲೆನೋವಿನ ಮಾತು ಕೇಳಿ ಅಲ್ಲಿದ್ದ ಸಹಾಯಕ ಬಿ.ಪಿ. ನೋಡಿದ. ದೊಡ್ಡವರ ತೋಳಿಗೆ ಸುತ್ತುವ ಪಟ್ಟಿ ಅವನಲ್ಲಿದ್ದದ್ದು. ಅದು ಹುಡುಗನ ಕಡ್ಡಿಯಂಥ ತೋಳಿಗೆ ಎರಡು ಸುತ್ತು ಬಂದು ಮೊಣಕೈಯನ್ನೂ ಮುಚ್ಚಿತು. 110ಕ್ಕೆ 70 ಎಂದು ಬಂತು. "120ಕ್ಕಿಂತ ಕಡಿಮೆಯೇ ಇದೆ, ನಾರ್ಮಲ್" ಎಂದ. ನಾವು ಸಮಾಧಾನದಿಂದ ಮನೆಗೆ ಬಂದೆವು.

ಎರಡು ದಿನ ಕಳೆದು, ಬೆಳಗಿನ ಜಾವ, ಹುಡುಗನಿಗೆ ಸೆಳವು ಬಂತು. ಕಣ್ಣು ಮೇಲಾಗಿ, ಕೈಕಾಲು ಸೆಟೆದು ಅದುರಿದವು. ಅಕ್ಕ ಕೂಗಿದ ಕೂಗಿಗೆ ಬೀದಿಯೇ ಎದ್ದಿತು. ಯಾರೋ ಕಬ್ಬಿಣದ ಬೀಗದಕೈ ತಂದು ಕೈಯಲ್ಲಿಟ್ಟರು. ಇನ್ನಾರೋ ಗಾಳಿ ಸೋಕಿದೆ, ತಾಯಿತ ಕಟ್ಟಿಸಿ ಎಂದರು. ನೆರೆಯವರ ಕಾರಿನಲ್ಲಿ ಮಾಲೂರು ದಾಟಿ ಕೋಲಾರ ಮುಟ್ಟಿದೆವು. ಅಲ್ಲಿಯ ಮಕ್ಕಳ ವೈದ್ಯೆ ಮೊದಲು ಸೆಳವು ನಿಲ್ಲಿಸುವ ಔಷಧ ಕೊಟ್ಟು, ಡ್ರಾಯರಿನಿಂದ ಬೇರೆ ಬೇರೆ ಅಳತೆಯ ಪಟ್ಟಿಗಳನ್ನು ತೆಗೆದು, ಹುಡುಗನ ತೋಳನ್ನು ಟೇಪಿನಿಂದ ಅಳೆದು, ಒಂದನ್ನು ಆರಿಸಿ ಸುತ್ತಿದರು. 138ಕ್ಕೆ 94. ಆಮೇಲೆ ಕಾಲುಗಳನ್ನು ನೋಡಿ, ಒಣಗಿದ ಹುಣ್ಣಿನ ಕಲೆಗಳ ಮೇಲೆ ಬೆರಳಿಟ್ಟು, "ಇದು ಯಾವಾಗ ಆದದ್ದಮ್ಮಾ?" ಎಂದು ಅಕ್ಕನನ್ನು ಕೇಳಿದರು. ಕಣ್ಣೂತಕ್ಕೂ ಕಾಲಿನ ಕಜ್ಜಿಗೂ ಸಂಬಂಧವುಂಟೆಂದು ನಮಗೆ ಆಗಲೇ ಮೊದಲು ತಿಳಿದದ್ದು.

ಸಂಬಂಧ ಹೀಗೆ. ಹುಣ್ಣಿನಲ್ಲಿ ಸೇರಿಕೊಳ್ಳುವ ರೋಗಾಣುಗಳಲ್ಲಿ ಸ್ಟ್ರೆಪ್ಟೊಕಾಕಸ್ ಎಂಬುದೊಂದು. ಗಂಟಲುನೋವಿಗೂ ಅದೇ ಎಷ್ಟೋ ಸಲ ಕಾರಣ. ದೇಹ ಅದರೊಡನೆ ಹೋರಾಡುವಾಗ ಹುಟ್ಟುವ ವಸ್ತುಗಳು ಮೂತ್ರಪಿಂಡದ ಸೋಸುವ ಭಾಗದಲ್ಲಿ ಸಿಕ್ಕಿಕೊಂಡು ಅಲ್ಲಿ ಉರಿಯೂತವನ್ನು ಉಂಟುಮಾಡುತ್ತವೆ. ಗಂಟಲುನೋವಾಗಿ ಒಂದೆರಡು ವಾರಕ್ಕೆ, ಚರ್ಮದ ಹುಣ್ಣಾಗಿ ಮೂರರಿಂದ ಆರು ವಾರಕ್ಕೆ ಇದು ಕಾಣಿಸಿಕೊಳ್ಳುತ್ತದೆ. ಸೋಸುವ ಕೆಲಸ ಕುಂದಿದಾಗ ಉಪ್ಪೂ ನೀರೂ ದೇಹದಲ್ಲಿ ನಿಲ್ಲುತ್ತವೆ. ಮುಖ ಊದುವುದು ಅದರಿಂದ, ಒತ್ತಡ ಏರುವುದೂ ಅದರಿಂದ. ಒತ್ತಡ ಮಿದುಳನ್ನು ತಾಗಿದರೆ ಸೆಳವು. ನಮ್ಮವರು ಗಾಳಿ ಎಂದದ್ದು ಇದನ್ನೇ.

ಇನ್ನು ಆ 110ಕ್ಕೆ 70ರ ವಿಚಾರ. ವೈದ್ಯೆಯವರಿಗೆ ಅದನ್ನು ಹೇಳಿದಾಗ ಅವರು ಯಾರನ್ನೂ ಬೈಯಲಿಲ್ಲ. "ಎರಡು ದಿನದಲ್ಲಿ ಒತ್ತಡ ಏರಿಯೂ ಇರಬಹುದು, ಪಟ್ಟಿ ದೊಡ್ಡದಾಗಿ ಕಡಿಮೆ ತೋರಿಸಿಯೂ ಇರಬಹುದು. ಆದರೆ 110ಕ್ಕೆ 70 ನಿಜವೇ ಆಗಿದ್ದರೂ ಈ ವಯಸ್ಸಿಗೆ ಅದನ್ನು ನಾರ್ಮಲ್ ಎಂದು ಬಿಟ್ಟುಬಿಡುವ ಹಾಗಿರಲಿಲ್ಲ" ಎಂದರು. ನನಗೆ ಈ ಎರಡನೆಯ ಮಾತು ಬಹಳ ಕಾಲ ತಲೆಯಲ್ಲಿ ಉಳಿಯಿತು.

ಅಳತೆಯ ಚರಿತ್ರೆಯನ್ನು ನೋಡಿದರೆ ಪಟ್ಟಿಯ ಸಂಗತಿ ಹೊಸದೇನೂ ಅಲ್ಲ. ಇಂಗ್ಲೆಂಡಿನ ಸ್ಟೀಫನ್ ಹೇಲ್ಸ್ ಎಂಬ ಪಾದ್ರಿ ಕುದುರೆಯ ರಕ್ತನಾಳಕ್ಕೆ ಗಾಜಿನ ಕೊಳವೆ ಸೇರಿಸಿ, ರಕ್ತ ಎಷ್ಟು ಎತ್ತರ ಏರುತ್ತದೆಂದು ನೋಡಿ, 1733ರಲ್ಲಿ ಅದನ್ನು ಪ್ರಕಟಿಸಿದ. ಮನುಷ್ಯರ ಮೇಲೆ ಈ ವಿಧಾನ ನಡೆಯುವಂತಿಲ್ಲ. 1896ರಲ್ಲಿ ಇಟಲಿಯ ರಿವಾ ರೊಚ್ಚಿ ತೋಳಿಗೆ ಸುತ್ತುವ ಗಾಳಿಪಟ್ಟಿಯನ್ನು ಮಾಡಿದ. ಆ ಪಟ್ಟಿ ಬಹಳ ಕಿರಿದು. ಕಿರಿದಾದ ಪಟ್ಟಿ ಇಲ್ಲದ ಒತ್ತಡವನ್ನು ತೋರಿಸುತ್ತದೆಂದು 1901ರಲ್ಲಿಯೇ ಜರ್ಮನಿಯ ಫಾನ್ ರೆಕ್ಲಿಂಗ್‌ಹೌಸೆನ್ ತೋರಿಸಿಕೊಟ್ಟು ಅಗಲದ ಪಟ್ಟಿ ಮಾಡಿದ. 1905ರಲ್ಲಿ ರಷ್ಯದ ಕೊರೊಟ್ಕಾಫ್, ಪಟ್ಟಿಯ ಕೆಳಗೆ ಕಿವಿಗೊಟ್ಟರೆ ಕೇಳುವ ಶಬ್ದಗಳಿಂದ ಮೇಲಿನ ಅಂಕಿಯನ್ನೂ ಕೆಳಗಿನ ಅಂಕಿಯನ್ನೂ ಗುರುತಿಸುವ ಮಾರ್ಗ ಹೇಳಿದ. ಎಂದರೆ, ಪಟ್ಟಿ ತೋಳಿಗೆ ತಕ್ಕದ್ದಾಗಿರಬೇಕೆಂಬ ತಿಳಿವಳಿಕೆ ಶಬ್ದ ಕೇಳುವ ವಿದ್ಯೆಗಿಂತ ನಾಲ್ಕು ವರ್ಷ ಹಳೆಯದು. ಒಳಗಿನ ಗಾಳಿಚೀಲದ ಅಗಲ ತೋಳಿನ ಸುತ್ತಳತೆಯಲ್ಲಿ ನೂರಕ್ಕೆ 40ರಷ್ಟಾದರೂ ಇರಬೇಕು. ಉದ್ದ ನೂರಕ್ಕೆ 80ರಿಂದ 100. ದೊಡ್ಡದಾದರೆ ಇದ್ದ ಒತ್ತಡವನ್ನು ಮುಚ್ಚುತ್ತದೆ, ಚಿಕ್ಕದಾದರೆ ಇಲ್ಲದ್ದನ್ನು ಹುಟ್ಟಿಸುತ್ತದೆ. ದರ್ಜಿಯ ಅಂಗಡಿಯಲ್ಲಿ ಅಪ್ಪನ ಅಳತೆಗೆ ಮಗನ ಅಂಗಿ ಹೊಲಿದರೆ ಯಾರೂ ಸುಮ್ಮನಿರುವುದಿಲ್ಲ.

ಅಂಕಿಯ ವಿಚಾರವೂ ಹೀಗೆಯೇ. ದೊಡ್ಡವರಿಗೆ ಒಂದೇ ಗೆರೆ ಸಾಕು. ಮಗುವಿನ ಒತ್ತಡ ವಯಸ್ಸಿನೊಡನೆ, ಎತ್ತರದೊಡನೆ ಏರುತ್ತದೆ. ಹುಡುಗ ಹುಡುಗಿಯರಲ್ಲಿ ಸ್ವಲ್ಪ ವ್ಯತ್ಯಾಸವುಂಟು. ಆದುದರಿಂದ ವೈದ್ಯರು ಬೇರೆ ಲೆಕ್ಕ ಹಿಡಿದಿದ್ದಾರೆ. ಒಂದೇ ವಯಸ್ಸಿನ, ಒಂದೇ ಎತ್ತರದ ನೂರು ಹುಡುಗರನ್ನು ಶಾಲೆಯ ಪ್ರಾರ್ಥನೆಯ ಸಾಲಿನಂತೆ, ಆದರೆ ಎತ್ತರದ ಬದಲು ಒತ್ತಡದ ಕ್ರಮದಲ್ಲಿ, ನಿಲ್ಲಿಸಿದೆವೆನ್ನಿ. ತೊಂಬತ್ತನೆಯವನಿಗಿಂತ ಕೆಳಗಿದ್ದರೆ ಚಿಂತೆಯಿಲ್ಲ. ತೊಂಬತ್ತರಿಂದ ತೊಂಬತ್ತೈದರ ನಡುವೆ ಇದ್ದರೆ ಕಣ್ಣಿಡಬೇಕು. ತೊಂಬತ್ತೈದನೆಯವನ ಮಟ್ಟವನ್ನು ಮುಟ್ಟಿದರೆ ಅದು ಏರಿದ ಒತ್ತಡ. ಆ ಮಟ್ಟಕ್ಕಿಂತ ಇನ್ನೂ 12 ಅಂಕಿ ಮೇಲೆ ಹೋದರೆ ಎರಡನೆಯ ದರ್ಜೆ. ಭಾರತದ ಮಕ್ಕಳ ಮೂತ್ರಪಿಂಡ ತಜ್ಞರು 2007ರಲ್ಲಿ ಈ ವಿಷಯವಾಗಿ ಮಾರ್ಗದರ್ಶನ ಬರೆದರು. ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿ 2017ರಲ್ಲಿ ಕೋಷ್ಟಕಗಳನ್ನು ತಿದ್ದಿ, ಓಡಾಟದ ನಡುವೆ ನೋಡಿಕೊಳ್ಳುವುದಕ್ಕೆ ಒಂದು ಚಿಕ್ಕ ಪಟ್ಟಿಯನ್ನೂ ಕೊಟ್ಟಿತು. ಅದರಂತೆ ಐದು ವರ್ಷದ ಹುಡುಗನಿಗೆ 103ಕ್ಕೆ 63, ಎಂಟು ವರ್ಷದವನಿಗೆ 107ಕ್ಕೆ 69, ಹತ್ತು ವರ್ಷದವನಿಗೆ 108ಕ್ಕೆ 72. ಇದನ್ನು ಮುಟ್ಟಿದರೆ ಕಾಯಿಲೆ ಎಂದಲ್ಲ. ಎತ್ತರ ಅಳೆದು ದೊಡ್ಡ ಕೋಷ್ಟಕವನ್ನು ತೆರೆದು ನೋಡಬೇಕೆಂದು. ಹದಿಮೂರು ತುಂಬಿದ ಮೇಲೆ ದೊಡ್ಡವರ ಹಾಗೆಯೇ 120ಕ್ಕೆ 80, 130ಕ್ಕೆ 80, 140ಕ್ಕೆ 90 ಎಂಬ ಮೆಟ್ಟಿಲುಗಳು. ನಮ್ಮ ಹುಡುಗನ 110ಕ್ಕೆ 70 ಯಾವ ಪಕ್ಷದಲ್ಲಿತ್ತೆಂದು ವಾಚಕರೇ ಲೆಕ್ಕ ಹಾಕಬಹುದು.

ಒಂದು ಸಲ ನೋಡಿ ತೀರ್ಪು ಕೊಡುವುದೂ ಸಲ್ಲದು. ಇದಕ್ಕೆ ನಮ್ಮ ಚಿಕ್ಕಪ್ಪನ ಮಗನೇ ಸಾಕ್ಷಿ. ಹದಿನಾಲ್ಕು ವರ್ಷ, ಮೈ ಸ್ವಲ್ಪ ದಪ್ಪ. ನಮ್ಮ ಮನೆಯ ಗಲಾಟೆಯಿಂದ ಹೆದರಿದ ಚಿಕ್ಕಮ್ಮ ಅವನನ್ನೂ ತೋರಿಸಿದಳು. ಮೆಟ್ಟಿಲು ಹತ್ತಿ ಬಂದವನನ್ನು ಹಾಗೆಯೇ ಕೂರಿಸಿ, ಬಿಗಿಯಾದ ಪಟ್ಟಿ ಸುತ್ತಿ ನೋಡಿದಾಗ 142ಕ್ಕೆ 88. ಚಿಕ್ಕಮ್ಮ ಅಲ್ಲಿಯೇ ಅತ್ತುಬಿಟ್ಟಳು. ಕೋಲಾರದಲ್ಲಿ ಅವನನ್ನು ಬೆನ್ನಿಗೆ ಆಸರೆ ಕೊಟ್ಟು, ಪಾದ ನೆಲಕ್ಕೆ ಊರಿಸಿ, ಐದು ನಿಮಿಷ ಮಾತಿಲ್ಲದೆ ಕೂರಿಸಿ, ಬಲತೋಳನ್ನು ಎದೆಯ ಮಟ್ಟಕ್ಕೆ ಇರಿಸಿ, ಅಗಲದ ಪಟ್ಟಿಯಿಂದ ನೋಡಿದರು. ಬೇರೆ ಬೇರೆ ದಿನ ಮೂರು ಸಲ ನೋಡಿದ ಮೇಲೆ ನಿಂತದ್ದು 126ಕ್ಕೆ 78. ಔಷಧ ಬೇಕಿಲ್ಲ, ಆಟ, ನಿದ್ರೆ, ತೂಕದ ಮೇಲೆ ಕಣ್ಣು, ಆರು ತಿಂಗಳಿಗೆ ಮತ್ತೆ ಬರಬೇಕು ಎಂದರು. ಬಿಳಿ ಕೋಟನ್ನು ನೋಡಿದರೇ ಒತ್ತಡ ಏರುವ ಮಕ್ಕಳುಂಟು. ಅನುಮಾನವಿದ್ದರೆ 24 ಗಂಟೆ ತೋಳಿನಲ್ಲೇ ಇದ್ದು ಆಗಾಗ ಅಳೆಯುವ ಯಂತ್ರವನ್ನು ಕಟ್ಟುತ್ತಾರೆ. ಬಲತೋಳೇ ಏಕೆಂದು ನಾನು ಕೇಳಿದೆ. ಕೆಲವು ಮಕ್ಕಳಿಗೆ ಹುಟ್ಟಿನಿಂದಲೇ ಹೃದಯದಿಂದ ಹೊರಡುವ ದೊಡ್ಡ ರಕ್ತನಾಳ ಒಂದು ಕಡೆ ಕಿರಿದಾಗಿರುತ್ತದೆ. ಅದಕ್ಕಿಂತ ಮೇಲಿನ ಭಾಗದಲ್ಲಿ ಒತ್ತಡ ಹೆಚ್ಚು, ಕೆಳಗೆ ಕಡಿಮೆ. ಎಡತೋಳಿನ ನಾಳ ಆ ಕಿರಿದಾದ ಜಾಗದ ಹತ್ತಿರವೇ ಕವಲೊಡೆಯುವುದರಿಂದ ಅದು ಮೋಸ ಮಾಡಬಹುದು. ಅದಕ್ಕೇ ತೊಡೆಯ ಸಂದಿನಲ್ಲಿ ನಾಡಿ ಹಿಡಿದು ನೋಡುವುದು, ಕಾಲಿನ ಒತ್ತಡವನ್ನೂ ಅಳೆಯುವುದು. ಒಂದು ರೂಪಾಯಿ ಖರ್ಚಿಲ್ಲದ ಪರೀಕ್ಷೆ. ಬೆರಳಿಗೆ ತಾಳ್ಮೆಯಿದ್ದರೆ ಸಾಕು.

ಕಾರಣ ಹುಡುಕುವುದರಲ್ಲಿ ಒಂದು ಸೂತ್ರವುಂಟೆಂದು ತಿಳಿಯಿತು. ಮಗು ಚಿಕ್ಕದಾದಷ್ಟೂ, ಒತ್ತಡ ಹೆಚ್ಚಿದಷ್ಟೂ, ಒಳಗೆ ಬೇರೊಂದು ರೋಗ ಅಡಗಿರುವ ಸಂಭವ ಹೆಚ್ಚು. ಬಹುಮಟ್ಟಿಗೆ ಅದು ಮೂತ್ರಪಿಂಡದ್ದು, ಇಲ್ಲವೆ ಅದಕ್ಕೆ ರಕ್ತ ಒಯ್ಯುವ ನಾಳದ್ದು. ಹದಿಹರೆಯದ ದಪ್ಪ ಮೈಯವರಲ್ಲಿ ಬೇರೆ ಕಾರಣ ಸಿಗದಿರುವುದೇ ಹೆಚ್ಚು. ಮೂತ್ರಪರೀಕ್ಷೆ, ರಕ್ತದಲ್ಲಿ ಕ್ರಿಯಾಟಿನಿನ್ನೂ ಲವಣಗಳೂ, ಹೊಟ್ಟೆಯ ಸ್ಕ್ಯಾನ್, ಹೃದಯದ ಎಕೋ, ಇವುಗಳಲ್ಲಿ ಯಾರಿಗೆ ಯಾವುದು ಬೇಕೋ ಅದು. ಏನೇನು ಔಷಧ ತೆಗೆದುಕೊಂಡಿದ್ದಾನೆ ಎಂದೂ ಕೇಳುತ್ತಾರೆ. ಸ್ಟೆರಾಯ್ಡ್ ಮಾತ್ರೆಗಳು ಒತ್ತಡ ಏರಿಸುತ್ತವೆ. ನಾವು ಕೆಮ್ಮಿಗೆಂದು ಧಾರಾಳವಾಗಿ ಅಗಿಯಲು ಕೊಡುವ ಅತಿಮಧುರವೂ, ಬಹಳ ದಿನ ತಿಂದರೆ, ಏರಿಸುತ್ತದೆ. ಇದನ್ನು ಕೇಳಿ ಅಜ್ಜಿ ತನ್ನ ಡಬ್ಬಿಯ ಕಡೆ ನೋಡಿದ ನೋಟವನ್ನು ಬರೆಯಲು ನನಗೆ ಬರುವುದಿಲ್ಲ.

ಹುಡುಗನಿಗೆ ಆಸ್ಪತ್ರೆಯಲ್ಲಿ ಮೂತ್ರ ಹೆಚ್ಚಿಸುವ ಔಷಧವನ್ನೂ, ಒತ್ತಡ ಇಳಿಸುವುದನ್ನೂ, ಉಳಿದ ರೋಗಾಣುವಿಗೆ ಪೆನಿಸಿಲಿನ್ನನ್ನೂ ಕೊಟ್ಟರು. ಒತ್ತಡವನ್ನು ದಿಢೀರನೆ ಇಳಿಸಲಿಲ್ಲ. ಹೆಚ್ಚಾದದ್ದರಲ್ಲಿ ಕಾಲು ಭಾಗಕ್ಕಿಂತ ಹೆಚ್ಚನ್ನು ಮೊದಲ ಎಂಟು ಗಂಟೆಯಲ್ಲಿ ಇಳಿಸಬಾರದಂತೆ. ಏರಿದ ಒತ್ತಡಕ್ಕೆ ಹೊಂದಿಕೊಂಡ ಮಿದುಳಿಗೆ ಒಮ್ಮೆಗೇ ರಕ್ತ ಸಾಲದೆ ಹೋಗುತ್ತದೆ. ಇದು ಗೊತ್ತಿಲ್ಲದ ನಮ್ಮ ಮಾವ, "ಇಷ್ಟು ದೊಡ್ಡ ಆಸ್ಪತ್ರೆ, ಒಂದು ಸೂಜಿ ಹಾಕಿ ಇಳಿಸಕ್ಕಾಗಲ್ವಾ?" ಎಂದು ದಿನವೆಲ್ಲಾ ಗೊಣಗಿದರು.

ನೋಡಲು ಬಂದವರೆಲ್ಲ ಎಳನೀರು ತಂದರು. ಮೂತ್ರ ಕಟ್ಟಿದರೆ ಎಳನೀರು, ಬಾರ್ಲಿ ನೀರು ಎಂಬುದು ನಮ್ಮ ಸೀಮೆಯ ಶಾಸ್ತ್ರ. ವೈದ್ಯೆ ಮಂಚದ ಕೆಳಗಿನ ಬುರುಡೆಗಳನ್ನು ಕಂಡು ಗಾಬರಿಯಾದರು. ಮೂತ್ರ ಸರಿಯಾಗಿ ಹೋಗದಿರುವಾಗ ಕುಡಿದ ನೀರೆಲ್ಲ ಒಳಗೇ ನಿಲ್ಲುತ್ತದೆ. ಎಳನೀರಿನಲ್ಲಿ ಪೊಟ್ಯಾಸಿಯಂ ಬಹಳ, ಅದು ರಕ್ತದಲ್ಲಿ ಸೇರಿದರೆ ಹೃದಯ ನಿಂತೇಹೋಗಬಹುದು. ಪ್ರೀತಿಯಿಂದ ಆರು ಎಳನೀರು ಹೊತ್ತು ತಂದವರಿಗೆ ಇದನ್ನು ಹೇಳುವ ಕೆಲಸ ನನ್ನ ಪಾಲಿಗೆ ಬಂತು. ಒಬ್ಬರು ಇಂದಿಗೂ ನನ್ನೊಡನೆ ಸರಿಯಾಗಿ ಮಾತನಾಡುವುದಿಲ್ಲ.

ಮನೆಗೆ ಬಂದ ಮೇಲೆ ಉಪ್ಪಿನ ಯುದ್ಧ. ಉಪ್ಪಿಗಿಂತ ರುಚಿಯಿಲ್ಲ ಎಂದು ಗಾದೆ ಕಟ್ಟಿದ ನಾಡಿನಲ್ಲಿ ಎಂಟು ವರ್ಷದವನಿಗೆ ಸಪ್ಪೆ ಊಟ ಉಣ್ಣಿಸುವುದು ಸುಲಭವಲ್ಲ. ಮುದ್ದೆಗೆ ನಾವು ಹೇಗೂ ಉಪ್ಪು ಹಾಕುವುದಿಲ್ಲ, ಎಲ್ಲವೂ ಸಾರಿನದು. ಅಜ್ಜಿ ಒಂದು ಉಪಾಯ ಮಾಡಿದಳು. ಬಸ್ಸಾರಿಗೆ ಉಪ್ಪು ಹಾಕುವ ಮೊದಲೇ ಹುಡುಗನ ಪಾಲನ್ನು ಬೇರೆ ತೆಗೆದು, ಹುಣಿಸೆ, ಬೆಳ್ಳುಳ್ಳಿ, ಮೆಣಸು ಮುಂದುಮಾಡಿ ಒಗ್ಗರಣೆ ಕೊಟ್ಟಳು. ಹಪ್ಪಳ, ಸಂಡಿಗೆ, ಉಪ್ಪಿನಕಾಯಿ ಅಟ್ಟ ಸೇರಿದವು. ಸೋಲಿಸಿದ್ದು ಮಾತ್ರ ಶಾಲೆಯ ಎದುರಿನ ಅಂಗಡಿಯಲ್ಲಿ ತೋರಣದಂತೆ ತೂಗುವ ಪ್ಯಾಕೆಟ್ ತಿಂಡಿ. ದೊಡ್ಡವರಿಗೇ ದಿನಕ್ಕೆ 5 ಗ್ರಾಂ ಉಪ್ಪು ಮಿತಿ ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ; ಮಕ್ಕಳಿಗೆ ಇನ್ನೂ ಕಡಿಮೆ. ಇದೇ ಸಮಯದಲ್ಲಿ ಒಬ್ಬರು ಸರ್ಪಗಂಧಿಯ ಬೇರು ತಂದುಕೊಟ್ಟರು. ಅದರಲ್ಲಿ ಸತ್ವವಿಲ್ಲವೆಂದು ಹೇಳಲಾಗದು. ಮುಂಬಯಿಯ ರುಸ್ತುಂ ಜಾಲ್ ವಕೀಲರು 1949ರಲ್ಲಿ ಅದರ ಗುಣವನ್ನು ಪ್ರಕಟಿಸಿದಾಗ ಲೋಕವೇ ತಿರುಗಿ ನೋಡಿತು. ಆದರೆ ಬೇರಿನ ತುಂಡಿನಲ್ಲಿ ಎಷ್ಟು ಔಷಧವಿದೆಯೆಂದು ಯಾರು ಅಳೆದವರು? ನಾವು ಅದನ್ನು ಬಳಸಲಿಲ್ಲ. ಮೂರನೆಯ ವಾರಕ್ಕೆ ಒತ್ತಡದ ಮಾತ್ರೆ ನಿಂತಿತು. ಕಣ್ಣಿಗೆ ಕಾಣದಷ್ಟು ರಕ್ತ ಮೂತ್ರದಲ್ಲಿ ಕೆಲವು ತಿಂಗಳು ಇತ್ತು, ಅದೂ ಹೋಯಿತು. ಈ ರೋಗದಲ್ಲಿ ಬಹುತೇಕ ಮಕ್ಕಳು ಪೂರ್ತಿ ಗುಣವಾಗುತ್ತಾರೆ. ಎಲ್ಲ ಮೂತ್ರಪಿಂಡದ ರೋಗವೂ ಇಷ್ಟು ಉದಾರಿಯಲ್ಲ. ನಿಧಾನವಾಗಿ ಕೆಡುವ ಮೂತ್ರಪಿಂಡವುಳ್ಳ ಯೂರೋಪಿನ 385 ಮಕ್ಕಳನ್ನು ಐದು ವರ್ಷ ನೋಡಿ 2009ರಲ್ಲಿ ಪ್ರಕಟಿಸಿದ ವರದಿಯಲ್ಲಿ, ಒತ್ತಡವನ್ನು ಬಿಗಿಯಾಗಿ ಕೆಳಗಿರಿಸಿದವರಲ್ಲಿ ರೋಗ ನಿಧಾನವಾಯಿತೆಂದು ಕಂಡಿತು. ಅಂಥ ಮಗುವಿಗೆ ತೋಳಿನ ಪಟ್ಟಿ ಎಂದರೆ ಆಯುಷ್ಯದ ಪಟ್ಟಿಯೇ.

ಅಕ್ಕನಿಗೆ ಇನ್ನೊಂದು ಕೊರಗು. ಹುಡುಗ ಹುಟ್ಟುವಾಗ ತೂಕ ಕಡಿಮೆಯಿದ್ದ. ತಾನು ಬಸುರಿಯಾಗಿದ್ದಾಗ ಸರಿಯಾಗಿ ಉಣ್ಣದ್ದರಿಂದಲೇ ಹೀಗಾಯಿತೆಂದು ಕಣ್ಣೀರು. ಇದಕ್ಕೆ ಉತ್ತರ ಹುಡುಕುತ್ತಾ ನಾನು ಮೈಸೂರಿನ ಒಂದು ಸಂಗತಿ ಓದಿದೆ. ಅಲ್ಲಿಯ ಹೋಲ್ಡ್ಸ್‌ವರ್ತ್ ಸ್ಮಾರಕ ಆಸ್ಪತ್ರೆಯಲ್ಲಿ, ಜನ ಮಿಷನ್ ಆಸ್ಪತ್ರೆ ಎನ್ನುವುದರಲ್ಲಿ, 1934ರಿಂದ ಹುಟ್ಟಿದ ಪ್ರತಿ ಮಗುವಿನ ತೂಕ, ಉದ್ದ, ತಲೆಯ ಸುತ್ತಳತೆಯನ್ನು ಬರೆದಿಟ್ಟಿದ್ದರು. ಆ ಹಳೆಯ ಪುಸ್ತಕಗಳ ಬೆಲೆ ಅರವತ್ತು ವರ್ಷವಾದ ಮೇಲೆ ತಿಳಿಯಿತು. ಆ ಮಕ್ಕಳಲ್ಲಿ 517 ಮಂದಿಯನ್ನು ದೊಡ್ಡವರಾದ ಮೇಲೆ ಹುಡುಕಿ ಪರೀಕ್ಷಿಸಿ 1996ರಲ್ಲಿ ಪ್ರಕಟಿಸಿದಾಗ, ಎರಡೂವರೆ ಕಿಲೋ ಅಥವಾ ಅದಕ್ಕಿಂತ ಕಡಿಮೆ ತೂಕದಲ್ಲಿ ಹುಟ್ಟಿದವರಲ್ಲಿ ಹೃದಯದ ರಕ್ತನಾಳದ ರೋಗ ನೂರಕ್ಕೆ 11, ತುಂಬು ತೂಕದಲ್ಲಿ ಹುಟ್ಟಿದವರಲ್ಲಿ 3. ಆದರೆ ಅದೇ ಊರಿನ ಅಂಥವರ ರಕ್ತದೊತ್ತಡಕ್ಕೂ ಹುಟ್ಟುತೂಕಕ್ಕೂ ಸಂಬಂಧ ಕಾಣಲಿಲ್ಲವೆಂದು 2000ದ ವರದಿ. ಅದೇ ಆಸ್ಪತ್ರೆಯಲ್ಲಿ 1997ರಿಂದ ಬಸುರಿಯರನ್ನೂ ಅವರ ಮಕ್ಕಳನ್ನೂ ಹಿಂಬಾಲಿಸಿ ಒತ್ತಡ ಅಳೆಯುವ ಇನ್ನೊಂದು ಅಧ್ಯಯನವೂ ಹೊರಟಿತು. ನಾನು ಅಕ್ಕನಿಗೆ ಇಷ್ಟನ್ನೂ ಹೇಳಲಿಲ್ಲ. "ಇದು ಕಜ್ಜಿಯಿಂದ ಬಂದದ್ದಕ್ಕಾ, ನಿನ್ನ ಊಟದಿಂದಲ್ಲ" ಎಂದೆ. ಅದು ನಿಜವೂ ಹೌದು.

ಲಕ್ಷಣ ತೋರಿಸಿ ಬಂದದ್ದರಿಂದ ನಮ್ಮ ಹುಡುಗನದು ಸಿಕ್ಕಿತು. ಎಷ್ಟೋ ಮಕ್ಕಳಲ್ಲಿ ಏನೂ ಕಾಣುವುದಿಲ್ಲ. 2016ರಿಂದ 2018ರವರೆಗೆ ದೇಶದಲ್ಲೆಲ್ಲ ನಡೆದ ಪೋಷಣೆಯ ಸಮೀಕ್ಷೆಯಲ್ಲಿ ಹತ್ತರಿಂದ ಹತ್ತೊಂಬತ್ತು ವರ್ಷದವರಲ್ಲಿ ನೂರಕ್ಕೆ 5 ಮಂದಿಗೆ ಒತ್ತಡ ಏರಿತ್ತು. ಮೂರು ವರ್ಷ ತುಂಬಿದ ಮೇಲೆ ವರ್ಷಕ್ಕೊಮ್ಮೆ ನೋಡಬೇಕೆಂಬುದು 2017ರ ಮಾರ್ಗದರ್ಶನದ ಮಾತು. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಂತೆ ವೈದ್ಯರ ತಂಡ ವರ್ಷಕ್ಕೊಮ್ಮೆ ಸರ್ಕಾರಿ ಶಾಲೆಗೆ ಬರಬೇಕಾದದ್ದು ಹೇಗೂ ಇದೆ. ಅವರ ಚೀಲದಲ್ಲಿ ಮೂರು ಅಳತೆಯ ಪಟ್ಟಿಗಳೂ, ಒಂದು ಕೋಷ್ಟಕದ ಹಾಳೆಯೂ ಇದ್ದರೆ ಉಳಿದದ್ದು ಐದೈದು ನಿಮಿಷದ ಕೆಲಸ.

ನಮ್ಮ ರಾಷ್ಟ್ರೀಯ ಸೇವಾ ಯೋಜನೆಯ ಶಿಬಿರದಲ್ಲಿ ಒಂದು ಹಳ್ಳಿಯ ಶಾಲೆಯಲ್ಲಿ ಇದನ್ನು ಮಾಡಿ ನೋಡಿದೆವು. ಬಂದಿದ್ದ ವೈದ್ಯರು ಪಟ್ಟಿಗಳನ್ನು ತಂದಿದ್ದರು. ನಮ್ಮ ಕೆಲಸ ಎತ್ತರ ಅಳೆಯುವುದು, ಮಕ್ಕಳನ್ನು ಗಲಾಟೆಯಿಲ್ಲದೆ ಕೂರಿಸುವುದು. ಎರಡನೆಯದು ಎಷ್ಟು ಕಷ್ಟವೆಂದು ಅಧ್ಯಾಪಕರಿಗೆ ಹೇಳಬೇಕಾದದ್ದಿಲ್ಲ. ಶಾಲೆಯ ಆರೋಗ್ಯ ಪುಸ್ತಕದಲ್ಲಿ ತೂಕಕ್ಕೆ, ಎತ್ತರಕ್ಕೆ, ಕಣ್ಣಿಗೆ, ಹಲ್ಲಿಗೆ ಅಂಕಣಗಳಿದ್ದವು, ಒತ್ತಡಕ್ಕೆ ಇರಲಿಲ್ಲ. ಮುಖ್ಯೋಪಾಧ್ಯಾಯರು ಸ್ಕೇಲು ಪೆನ್ಸಿಲು ತಂದು ತಾವೇ ಒಂದು ಗೆರೆ ಎಳೆದುಕೊಟ್ಟರು. ಅಂಕಿ ಹೆಚ್ಚು ಬಂದ ಕೆಲವರ ಹೆಸರಿನ ಮುಂದೆ ಚುಕ್ಕೆಯಿಟ್ಟು, ಮತ್ತೆ ಎರಡು ಸಲ ನೋಡುವ ದಿನ ಗೊತ್ತುಮಾಡಿದೆವು. ಅವರಲ್ಲಿ ಏಳನೆಯ ತರಗತಿಯ ಒಬ್ಬ ಹುಡುಗಿ. ಸಂಜೆ ಅವಳ ತಾಯಿ ಹೊಲದಿಂದ ನೇರವಾಗಿ ಬಂದಳು. "ಸ್ವಾಮಿ, ನಾಳೆ ಮದುವೆ ಆಗೋ ಹುಡ್ಗಿ. ಬುಕ್ಕಲ್ಲಿ ಬರೀಬ್ಯಾಡ್ರಿ" ಎಂದಳು. ವೈದ್ಯರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಪುಸ್ತಕದ ಚುಕ್ಕೆಯನ್ನು ರಬ್ಬರಿನಿಂದ ಅಳಿಸಿ, ಒಂದು ಚೀಟಿಯಲ್ಲಿ ಅಂಕಿಯನ್ನೂ ಮುಂದಿನ ಗುರುವಾರದ ತಾರೀಖನ್ನೂ ಬರೆದು, "ಇದು ನಿನ್ನ ಹತ್ರಾನೇ ಇರ್ಲಮ್ಮಾ, ಮಗೂನ ಮಾತ್ರ ಕರ್ಕೊಂಡ್ ಬಾ" ಎಂದು ಅವಳ ಕೈಗೆ ಕೊಟ್ಟರು. ಅವಳು ಅದನ್ನು ಎಲೆ ಅಡಿಕೆಯ ಚೀಲದಲ್ಲಿ ಮಡಿಸಿ ಇಟ್ಟುಕೊಂಡಳು. ಗುರುವಾರ ಮೊದಲು ಬಂದು ಕೂತವಳು ಅವಳೇ.